ಸರಪಳಿಯ ಇನ್ನೊಂದು ತುದಿ

ಸೋಮವಾರಪೇಟೆ,
ಆಷಾಢ, ೧೯೫೩

ನನ್ನ ಮುದ್ದು ಸರ್ವೇಯರ್ ಸಾಹೇಬರಿಗೆ,

ನಿಮ್ಮ ಪತ್ರ ಓದಿ ಕುಣಿದಾಡಿಬಿಟ್ಟೆ! ಶಿರಂಗಾಲದ ಬಸವಣ್ಣನ ಗುಡಿಯ ಹತ್ತಿರ ಯಾರೂ ಕಲ್ಲು ಸಿಡಿಸಬಾರದೆಂದು ಸರ್ಕಾರ ಗೆರೆ ಎಳೆಸುತ್ತಿದೆ, ಅದನ್ನು ಅಳೆಯುವವರು ನನ್ನ ಯಜಮಾನರು! ಆದರೆ ಅಳತೆ ಸರಪಳಿಯ ಇನ್ನೊಂದು ತುದಿಯನ್ನು ಪೂಜಾರಿಯ ಮಗಳು ಶಕುಂತಲೆಯೇ ಏಕೆ ಹಿಡಿಯಬೇಕು? ಪತ್ರದಲ್ಲಿ ಬಸವಣ್ಣನಿಗಿಂತ ಅವಳ ಹೆಸರೇ ಹೆಚ್ಚು.

"ಹೊಸ ಮದುಮಗಳು ಆಷಾಢದಲ್ಲಿ ಗಂಡನ ಮುಖ ನೋಡ್ಬಾರ್ದು ಕಣೇ, ಸುಮ್ನಿರು" ಎನ್ನುತ್ತಾಳೆ ಅವ್ವ. ತವರಿನಲ್ಲಿ ಸುಮ್ಮನಿದ್ದೇನೆ. ನೀವು ಮಾತ್ರ ಅವಳ ಮುಖ ನೋಡುತ್ತಿದ್ದೀರಿ.

ದಯವಿಟ್ಟು ಸರಪಳಿಯನ್ನು ಜವಾನ ತಿಮ್ಮಯ್ಯನ ಕೈಗೆ ಕೊಡಿ. ಕಲ್ಲುಗಣಿಯವರನ್ನು ದೇವರಿಂದ ಎಷ್ಟು ದೂರ ಇಡುತ್ತೀರೋ, ಅವಳನ್ನೂ ನಿಮ್ಮಿಂದ ಅಷ್ಟೇ ದೂರ ಇಡಿ.

ಶ್ರಾವಣ ಬಂದ ದಿನವೇ ಮೊದಲ ಬಸ್ಸಿಗೆ ಶಿರಂಗಾಲಕ್ಕೆ ಬಂದು ಆ ತುದಿಯನ್ನು ನಾನೇ ಹಿಡಿಯುತ್ತೇನೆ. ಅಂದಿಗೆ ತೀರಾ ಚಿಕ್ಕ ಸರಪಳಿಯೊಂದನ್ನು ತಂದಿಡಿ.

ನಿಮ್ಮವಳು, ನಿಮ್ಮೊಬ್ಬರವಳು,
ನೀಲಾಂಬಿಕೆ