ಯಾರ ಮಗಳು

ದುಬೈ, ಏಪ್ರಿಲ್ 4, 2014, ಶುಕ್ರವಾರ

ರಜೆ. ಬಟ್ಟೆ ಒಣಗಿಸಲು ಬಾಲ್ಕನಿಗೆ ಹೋದರೆ ವೆಸ್ತಿನ್ ಅಲ್ಲಿ ಫೋನಿನಲ್ಲಿ ಪಿಸುಪಿಸು. ನನ್ನನ್ನು ಕಂಡದ್ದೇ ಕಟ್. ರುವಾಂಡಾದವಳು, ಸಲೂನಿನಲ್ಲಿ ಕೆಲಸ, ನಮ್ಮ ಚಿಕ್ಕ ರೂಮಿನ ಬಾಡಿಗೆಯವಳು. ಶುಚಿ, ಶಿಸ್ತು ಎಲ್ಲ ಸರಿ. ಆದರೆ ಈ ಪಿಸುಪಿಸು...

ಟಿವಿಯಲ್ಲೂ ವಾರವಿಡೀ ಅದೇ — ಅವರ ದೇಶದಲ್ಲಿ ಹುಟುಗಳು ಟುಟ್ಸಿಗಳನ್ನು ಕಡಿದು ಇಪ್ಪತ್ತು ವರ್ಷ. ನೆರೆಮನೆಯವರೇ ಕಡಿದದ್ದಂತೆ. ಹಾಗಾದರೆ ನನ್ನ ಮನೆಯಲ್ಲಿರುವುದು ಯಾರ ಮಗಳು? ಕಡಿದವರ ಮಗಳೋ, ಸತ್ತವರ ಮಗಳೋ?

ಚಹಾ ಕೊಟ್ಟು ಕೇಳಿಯೇ ಬಿಟ್ಟೆ. ನಮ್ಮ ಉಡುಪಿಯಲ್ಲಿ ಹೊಸಬರು ಸಿಕ್ಕರೆ ಯಾವ ಮನೆ, ಯಾವ ಬರಿ ಎಂದು ಕುಲ ಕೇಳುವುದಿಲ್ಲವೇ, ಹಾಗೆ. ಊರು ಹೇಳಿದಳು, ಅಪ್ಪನ ಹೆಸರೂ. ಹುಟುವೋ ಟುಟ್ಸಿಯೋ ಅಂದಾಗ ಕಪ್ ಕೆಳಗಿಟ್ಟಳು.

"ಈಗ ನಮ್ಮಲ್ಲಿ ಅದನ್ನು ಯಾರೂ ಕೇಳುವುದಿಲ್ಲ, ಮೇಡಂ."

ಏನೋ ಮುಚ್ಚಿಡುತ್ತಿದ್ದಾಳೆ. ಮುಖ ನೋಡಿದರೇ ನನಗೆ ಜನ ಗೊತ್ತಾಗುತ್ತಾರೆ.

ಏಪ್ರಿಲ್ 6

ಪೃಥ್ವಿರಾಜ್‌ಗೆ ಹೇಳಿದೆ. "ನಿಂಗೆ ಯಾಕೆ ಮಾರಾಯ್ತಿ ಬೇಡದ ಉಸಾಬರಿ?" ಗಂಡನಿಗೆ ಎಲ್ಲವೂ ಸಸಾರ.

ಕೆಳಗಿನ ಸೂಪರ್‌ಮಾರ್ಕೆಟ್‌ನ ಸೆಕ್ಯುರಿಟಿ ಅನಸ್ತಾಸ್ ಕೂಡ ರುವಾಂಡಾದವನೇ. ಸಂಭಾವಿತ. ಅವನನ್ನೇ ಕೇಳಿದೆ — ಇಂಥ ಊರು, ಇಂಥವರ ಮಗಳು, ಯಾವ ಪೈಕಿ? ನಗುತ್ತಿದ್ದವನು ಅಪ್ಪನ ಹೆಸರನ್ನು ಇನ್ನೊಮ್ಮೆ ಹೇಳಿಸಿದ. ಆಮೇಲೆ, "ಯಾವ ಫ್ಲಾಟ್, ಮೇಡಂ?"

ಹೇಳಿದೆ.

ಏಪ್ರಿಲ್ 7, ಸಂಜೆ

ಅವರಲ್ಲಿ ಇವತ್ತು ಸತ್ತವರನ್ನು ನೆನೆಯುವ ದಿನ. ವೆಸ್ತಿನ್ ಕೆಲಸಕ್ಕೆ ಹೋಗಿಲ್ಲ, ಊಟ ಮಾಡಿಲ್ಲ. ಅವಳ ದೇಶದವನೊಬ್ಬ ಸಿಕ್ಕಿದ ಎಂದರೆ ಖುಷಿಯಾದೀತು ಅಂದುಕೊಂಡು ಅನಸ್ತಾಸ್‌ನ ವಿಷಯ ಹೇಳಿದೆ.

"ಅಪ್ಪನ ಹೆಸರೂ ಹೇಳಿದಿರಾ?" ಹೌದೆಂದೆ. ಆಮೇಲೆ ಎಲ್ಲ ಹೇಳಿದಳು.

ಆ ಮನೆಯಲ್ಲಿ ಉಳಿದದ್ದು ಇವಳೊಬ್ಬಳೇ. ದೊಡ್ಡವಳಾದ ಮೇಲೆ ಊರಿನ ಕೋರ್ಟಿನಲ್ಲಿ ನಿಂತು ಕಡಿದವರ ಹೆಸರು ಹೇಳಿದ್ದಾಳೆ. ಅವರ ಕಡೆಯವರು ಬೆದರಿಸಿದ್ದಕ್ಕೇ ದುಬೈಗೆ ಬಂದದ್ದು. ಅದಕ್ಕೇ ಪಿಸುಪಿಸು. ಅನಸ್ತಾಸ್ ಯಾರ ಪೈಕಿ ಎಂದು ಅವಳಿಗೂ ಗೊತ್ತಿಲ್ಲ. ನನ್ನ ನಾಲಿಗೆಗೆ ಬೆಂಕಿ ಬೀಳಲಿ.

ಬೆಲ್.

ವೆಸ್ತಿನ್ ರೂಮಿನೊಳಗೆ ಚಿಲಕ ಹಾಕಿಕೊಂಡಳು. ಪೃಥ್ವಿರಾಜ್ ಫೋನ್ ಎತ್ತುತ್ತಿಲ್ಲ. ಏನಾದರೂ ಆದರೆ ಗೊತ್ತಾಗಲಿ ಎಂದು ಬಾಗಿಲ ಹತ್ತಿರ ನಿಂತೇ ಬರೆಯುತ್ತಿದ್ದೇನೆ. ಪೀಪ್‌ಹೋಲಿನಲ್ಲಿ ನೋಡಿದೆ — ಅನಸ್ತಾಸ್. ಯೂನಿಫಾರ್ಮ್ ಇಲ್ಲ. ಒಂದು ಕೈಯಲ್ಲಿ ಹಾಲಿನ ಪ್ಯಾಕೆಟ್, ಇನ್ನೊಂದು ಕೈ ಕಾಣುತ್ತಿಲ್ಲ. ಕಣ್ಣು ಕೆಂಪು. ಅತ್ತಿದ್ದಾನೋ, ಸಿಟ್ಟೋ... ಮುಖ ನೋಡಿದಷ್ಟೂ ಏನೂ ಗೊತ್ತಾಗುತ್ತಿಲ್ಲ.

ಮತ್ತೆ ಬೆಲ್. ಈಗ ಮೆಲ್ಲಗೆ ಕರೆಯುತ್ತಿದ್ದಾನೆ. ನನ್ನನ್ನಲ್ಲ, ಅವಳನ್ನು. ಅಪ್ಪನ ಹೆಸರು ಹಿಡಿದು, ಇಂಥವರ ಮಗಳೇ, ಎಂದು. ಒಳಗಿನ ಚಿಲಕ ಸರಿದ ಸದ್ದು... ವೆಸ್ತಿನ್, ಬೇಡ —