ಖಾಲಿ ಎಲೆಯ ಊಟ

ಕಲ್ಯಾಣ
೧೨ ನವೆಂಬರ್ ೨೦೨೪

ಪ್ರೀತಿಯ ಅನೀಶ,

ಕೆಮ್ಮು ಹೇಗುಂಟು? ಹೊತ್ತಿಗೆ ಸರಿಯಾಗಿ ಉಣ್ಣುತ್ತೀಯಾ? ಫೋನಿನಲ್ಲಿ ಕೇಳಿದರೆ ನೀನು ಉತ್ತರ ಕೊಡುವುದಿಲ್ಲ, ಆಟದಲ್ಲಿ ನೀನು ಹಾಕುವ ವೇಷ, ಆ ಬಡಿಸುವ ಸರ್ವೋತ್ತಮ ಭಟ್ಟ, ಕೊಡುತ್ತಾನೆ. “ಮೊದಲು ಎಲೆಗೆ ನೀರು ಹಾಕಿಕೊಳ್ಳಿ, ಮಾತು ಆಮೇಲೆ” ಎಂದು ನನ್ನನ್ನೇ ಗದರುತ್ತಾನೆ. ನನಗೆ ಮಾತಾಡಬೇಕಿರುವುದು ಮಗನ ಹತ್ತಿರ. ಅದಕ್ಕೇ ಈ ಕಾಗದ.

ಹೋದ ಶನಿವಾರ ನಿನ್ನ ಆಟ ನಡೆಯುವ ರಬಾಳೆಯ ಆ ಗೋದಾಮಿಗೆ ನಾನೂ ನಿನ್ನ ಅಪ್ಪನೂ ಬಂದಿದ್ದೆವು. ನಿನಗೆ ಹೇಳಬಾರದೆಂದು ಅವರದೇ ಹಠ. ಅಲ್ಲಿಯ ಕಾರ್ಯಕ್ರಮಕ್ಕೆ ಕ್ಯಾಬರೆ ಎನ್ನುತ್ತಾರೆಂದು ಕೇಳಿ ದಾರಿಯುದ್ದಕ್ಕೂ ಅವರು ಮುಖ ಗಂಟಿಕ್ಕಿಕೊಂಡೇ ಬಂದರು. ಒಬ್ಬಳು ಗರಗಸದಲ್ಲಿ ಸಂಗೀತ ನುಡಿಸಿದಳು, ಗಡ್ಡದವನೊಬ್ಬ ಸೀರೆಯುಟ್ಟು ಹಾಡಿದ. ಆಮೇಲೆ ಎಲ್ಲರನ್ನೂ ಪಂಕ್ತಿಯಲ್ಲಿ ಕೂರಿಸಿ ಎಲೆ ಹಾಕಿದರು. ಪಂಚೆ ಎತ್ತಿ ಕಟ್ಟಿ, ಖಾಲಿ ಬಕೆಟ್ ಹಿಡಿದು ನೀನು ಬಂದೆ. ಬಡಿಸಿದ್ದೆಲ್ಲ ಗಾಳಿ, ಬೈಗಳು ಮಾತ್ರ ನಿಜವಾದದ್ದು. “ಚಾವಲ್ ನಹೀ ಮಂಗ್ತಾ? ತೋ ಆಯಾ ಕಾಯ್ಕೋ, ಫೋಟೋ ನಿಕಾಲ್ನೇ?” ಎಂದು, ಅನ್ನ ಬೇಡವಾದರೆ ಫೋಟೋ ತೆಗೆಯಲಿಕ್ಕೆ ಬಂದದ್ದಾ ಎಂದು, ನೀನು ನಮ್ಮೂರ ರಾಗದ ಹಿಂದಿಯಲ್ಲಿ ಗದರಿದಾಗ ನನಗೆ ನಗು ತಡೆಯಲಾಗಲಿಲ್ಲ. ನಿನ್ನ ಅಪ್ಪ ನಗಲಿಲ್ಲ. ನೀನು ಹತ್ತಿರ ಬಂದಾಗ ಮಾತ್ರ, ಅಭ್ಯಾಸಬಲದಿಂದ, ಸಾಕೆಂದು ಎಲೆಗೆ ಎರಡೂ ಕೈ ಅಡ್ಡ ಹಿಡಿದರು. ಕತ್ತಲಲ್ಲಿ ನಿನಗೆ ಗುರುತು ಸಿಗಲಿಲ್ಲ. “ಈ ಅಜ್ಜನಿಗೆ ಇನ್ನೊಂದು ಸೌಟು!” ಎಂದುಬಿಟ್ಟೆ.

ಫಕ್ಕನೆ ದೀಪ ಆರಿತು, ನೀನು ಒಳಗೆ ಹೋದೆ. ಮುಗಿಯಿತೋ ಇಲ್ಲವೋ ಯಾರಿಗೂ ತಿಳಿಯಲಿಲ್ಲ. ಕೆಲವರು ಚಪ್ಪಾಳೆ ತಟ್ಟಿದರು, ಕೆಲವರು ಚಪ್ಪಲಿ ಹುಡುಕಿದರು. ನಿನ್ನ ಅಪ್ಪ ಎಲೆಯ ಮುಂದೆ ಕೂತೇ ಇದ್ದರು. ನಾನೇ ರಟ್ಟೆ ಹಿಡಿದು ಎಬ್ಬಿಸಿದೆ.

ಕನ್ನಡ ಸಂಘದ ವಾರ್ಷಿಕೋತ್ಸವದಲ್ಲಿ ಹುಟ್ಟಿದ ಈ ಭಟ್ಟ, ಠಾಣೆಯ ಕಾಫಿ ಅಂಗಡಿ, ವಾಶಿಯ ಬಾರು ಎಲ್ಲ ಕಡೆಯಿಂದಲೂ ಹೊರಬಿದ್ದು ಆ ಗೋದಾಮು ಸೇರಿದ. ಈಗ ಗೋದಾಮಿನವರೂ “ನಿನ್ನ ಆಟಕ್ಕೆ ಕೊನೆಯೇ ಇಲ್ಲ” ಎಂದು, ಸರಿಯಾದ ಕೊನೆ ಹುಡುಕಲು ಬರುವ ಶನಿವಾರದ ಗಡುವು ಕೊಟ್ಟಿದ್ದಾರಂತೆ. ಅದೂ ಕೆಟ್ಟರೆ ಭಟ್ಟನನ್ನು ಬಿಟ್ಟು ನಮ್ಮ ಹೋಟೆಲಿನ ಗಲ್ಲೆಯಲ್ಲಿ ದುಡ್ಡು ಎಣಿಸುತ್ತ ಕೂರುತ್ತೇನೆಂದು ಮೆಸೇಜು ಹಾಕಿದ್ದೀ. ನನಗೆ ಸಂತೋಷವಾಗಬೇಕಿತ್ತು. ಆಗಲಿಲ್ಲ, ಸಿಟ್ಟು ಬಂತು. ಸೋತು ಬಂದವನು ಗಲ್ಲೆಯಲ್ಲಿ ಕೂತು ಗಿರಾಕಿಗಳ ಮುಖ ನೋಡುತ್ತಾನಾ? ಇತ್ತ ನಿನ್ನ ಅಪ್ಪ ನಿನ್ನ ಹೆಸರೆತ್ತುವುದಿಲ್ಲ. “ನಿನ್ನ ಮಗ ಜನರನ್ನು ಎಲೆ ಮುಂದೆ ಕೂರಿಸಿ ಹಾಗೇ ಎಬ್ಬಿಸಿದನಲ್ಲ” ಎಂದು ದಿನವೂ ಲೋಟ ಕುಕ್ಕುತ್ತಾರೆ. ನಿಮ್ಮಿಬ್ಬರ ನಡುವೆ ಮಾತು ಹೊತ್ತು ಹೊತ್ತು ನನಗೆ ಸಾಕಾಗಿದೆ, ಮಾರಾಯ.

ಹೊಟ್ಟೆ ಖಾಲಿ ಬಿಡಬೇಡ. ಕೃಷ್ಣ ನಿನ್ನ ಬೆನ್ನಿಗಿರಲಿ.

ನಿನ್ನ ಅಮ್ಮ,
ರಮಾಮಣಿ

ತಾ.ಕ.: ರಬಾಳೆಗೆ ಕೆಲಸಕ್ಕೆ ಬರುವ ಜಲಜಾಕ್ಷಿಯ ಕೈಯಲ್ಲಿ ಇದನ್ನು ಕಳಿಸುತ್ತಿದ್ದೇನೆ, ಅವಳು ಬಾಗಿಲಲ್ಲಿ ನಿಂತಿದ್ದಾಳೆ. ಮಡಚುವಷ್ಟರಲ್ಲಿ ನಿನ್ನ ಅಪ್ಪ ಕಸಿದು ಓದಿದರು. “ಮಜ್ಜಿಗೆ ಎಲ್ಲಿ? ಮಜ್ಜಿಗೆ ಬಾರದೆ ಊಟ ಮುಗಿಯಿತೆಂದು ಯಾರಿಗೆ ಗೊತ್ತಾಗುತ್ತದೆ?” ಎಂದು ಕೂಗಾಡಿದರು. ಅದು ಮಾತ್ರ ಗಾಳಿಯಾಗಬಾರದಂತೆ, ನಿಜವಾದದ್ದೇ ಬೇಕಂತೆ, ಶುಂಠಿ ಜಜ್ಜಿ ಹಾಕಿದ್ದು, ಅಂಗೈಗೇ ಬಡಿಸಬೇಕಂತೆ. ಶನಿವಾರ ಹೋಟೆಲಿನಿಂದ ತಾವೇ ಹೊತ್ತು ತರುತ್ತಾರಂತೆ. ಪಂಕ್ತಿಗೆ ಎಷ್ಟು ಜನ ಎಂದು ಕೇಳುತ್ತಿದ್ದಾರೆ. ಅವರಿಗೇ ಫೋನು ಮಾಡಿ ಹೇಳು. ಭಟ್ಟನೇ ಮಾತಾಡಿದರೂ ಅಡ್ಡಿಯಿಲ್ಲ.