ಉರಲ್ ಆಚೆಯ ಗುಡ್ಡ

ಅಚ್ಚಿನ ಕೋಣೆಯಿಂದ,
ಮಾರ್ಚ್ ೧೧, ಮಧ್ಯಾಹ್ನ

ಮುದ್ದು ಮಗಳೇ,

ಹೇಗಿದ್ದೀಯ? ಮೂಗಿನಿಂದ ರಕ್ತ ಬರುವುದು ನಿಂತಿತಾ? ನಾಲ್ಕು ಸಾವಿರ ಮೀಟರ್ ಎತ್ತರದ ಹವಾಮಾನ ಕೇಂದ್ರದಲ್ಲಿ ಕೂತು ಗಾಳಿ ಅಳೆಯುವವಳಿಗೆ ಹೊತ್ತಿಗೆ ಸರಿಯಾಗಿ ಒಲೆ ಹಚ್ಚುವಷ್ಟು ಪುರುಸೊತ್ತಾದರೂ ಇರಲಿ. ನೀನು ಮನೆಗೆ ಬಂದು ಎರಡು ವರ್ಷವಾಯಿತು, ಬಾ ಎಂದರೆ ಹಿಮದ ನೆಪ ಹೇಳುತ್ತೀಯ. ನಾವಿಬ್ಬರೂ ಚೆನ್ನಾಗಿದ್ದೇವೆ. ನಿಮ್ಮಪ್ಪನ ಮೊಣಕಾಲು ಮಾತ್ರ ಮೆಟ್ಟಿಲು ಕಂಡರೆ ಮುನಿಸಿಕೊಳ್ಳುತ್ತದೆ. ಆದರೂ ಭೂಪಟದ ಆಂಡೀಸ್‌ಗೆ ಕಂದು ಬಣ್ಣ ಬಳಿಯುತ್ತಾ, "ನಾನು ಹತ್ತದೇ ಇರೋ ಬೆಟ್ಟ ಯಾವುದಿದೆ ಹೇಳು" ಎಂದು ಕೊಚ್ಚಿಕೊಳ್ಳುವುದಕ್ಕೇನೂ ಕಡಿಮೆಯಿಲ್ಲ.

ಈಗ ಸುದ್ದಿ. ಅಂಧ ಮಕ್ಕಳ ಶಾಲೆಯವರು ನಮ್ಮ ಉಬ್ಬು ಭೂಪಟ ಹನ್ನೆರಡು ಬೇಕೆಂದಿದ್ದಾರೆ. ಬಣ್ಣ ಬೇಡವಂತೆ, ಬೆರಳಿಗೆ ಅಡ್ಡ ಬರುತ್ತದಂತೆ. ನಿಮ್ಮಪ್ಪನ ಮುಖ ಸಪ್ಪಗಾಯಿತು. ಮಾದರಿ ನೋಡಲು ಆ ಶಾಲೆಯ ಭೂಗೋಳದ ಟೀಚರ್ ಬಂದಿದ್ದರು. ಅವರಿಗೂ ಕಣ್ಣು ಕಾಣುವುದಿಲ್ಲ. ಹಿಮಾಲಯದ ಮೇಲೆ ಕೈಯಾಡಿಸಿ, "ಇದು ಜಾಸ್ತಿ ಆಯ್ತಲ್ವಾ?" ಎಂದರು. ನಿಜದ ಅಳತೆಯಲ್ಲಿ ಮಾಡಿದರೆ ಅದು ಒಂದು ಪದರ ಬಣ್ಣದಷ್ಟೇ ಉಬ್ಬೀತು, ಅದಕ್ಕೇ ಎಲ್ಲ ಎತ್ತರವನ್ನೂ ಇಪ್ಪತ್ತು ಪಟ್ಟು ಹಿಗ್ಗಿಸುತ್ತೇವೆ ಎಂದೆ. ಒಪ್ಪಿದರು. ಟಿಬೆಟ್ ಪ್ರಸ್ಥಭೂಮಿಯನ್ನು ಅಂಗೈಯಿಂದ ಸವರಿ, ಮಾಳಿಗೆಯ ಮೇಲೆ ನಿಂತ ಹಾಗಿದೆ ಎಂದು ನಕ್ಕರು. ಆಮೇಲೆ ಉರಲ್ ದಾಟಿ ಸೈಬೀರಿಯಾದ ಬಯಲಿಗೆ ಇಳಿದರು ನೋಡು, ಬೆರಳು ನಿಂತೇಬಿಟ್ಟಿತು. "ಇಲ್ಲೊಂದು ಗುಡ್ಡ ಇದೆಯಲ್ಲ, ಇದರ ಹೆಸರೇನು?"

ನಿನಗೆ ನೆನಪಿರಲಿಕ್ಕಿಲ್ಲ. ನಾಲ್ಕು ವರ್ಷದವಳಿದ್ದಾಗ, ಈ ಅಚ್ಚಿನ ಪ್ಲಾಸ್ಟರ್ ಇನ್ನೂ ಹಸಿಯಿರುವಾಗಲೇ ಹೆಬ್ಬೆರಳು ಒತ್ತಿ ಓಡಿದ್ದೆ. ಅಚ್ಚಿನಲ್ಲಿ ಕುಳಿ ಬಿದ್ದರೆ ಭೂಪಟದಲ್ಲಿ ಗುಡ್ಡ ಏಳದೆ ಇರುತ್ತದೆಯೇ? ನಾಳೆ ಮುಚ್ಚೋಣ ಎಂದುಕೊಂಡೇ ಇಪ್ಪತ್ತೆರಡು ವರ್ಷ ಕಳೆದೆ. ನಿಮ್ಮಪ್ಪನೂ ತುಟಿ ಬಿಚ್ಚದೆ ಅದರ ಮೇಲೆ ಬಯಲಿನ ಹಸಿರನ್ನೇ ಬಳಿದು ಸಾಗಹಾಕಿದರು. ಕಣ್ಣಿದ್ದ ಒಬ್ಬ ಮೇಷ್ಟ್ರಿಗೂ ಅದು ಕಾಣಲಿಲ್ಲ. ನಮ್ಮ ಅಳತೆಯಲ್ಲಿ ಅದು ಐದು ಸಾವಿರ ಮೀಟರ್. ನೀನೀಗ ಇರುವ ಜಾಗಕ್ಕಿಂತ ಎತ್ತರ!

ಅಚ್ಚಿನ ದೋಷ, ಗಾಳಿಗುಳ್ಳೆ ಎಂದು ಸುಳ್ಳು ಹೇಳಿದೆ. ಅವರು ಇನ್ನೊಮ್ಮೆ ಮುಟ್ಟಿ, ಮೆಲ್ಲಗೆ, "ಗುಳ್ಳೆಗೆಲ್ಲ ಗೆರೆ ಇರುತ್ತಾ ಅಕ್ಕಾ? ಇದು ಯಾವುದೋ ಮಗುವಿನ ಬೆರಳು" ಎಂದರು. ಬಣ್ಣವಿಲ್ಲದ್ದರಿಂದ ನಿನ್ನ ಬೆರಳ ಗೆರೆಗಳು ಸಿಕ್ಕಿಬಿದ್ದವು. ನನಗೆ ನಾಚಿಕೆಯೂ ಆಯಿತು, ಅಳುವೂ ಬಂತು. ಸ್ವಲ್ಪ ಹೊತ್ತು ಅವರೂ ಅದರ ಮೇಲಿನ ಬೆರಳು ತೆಗೆಯಲಿಲ್ಲ. ಆದರೆ ನಮ್ಮ ಮಕ್ಕಳು ನಂಬುವುದು ಬೆರಳನ್ನೇ, ಅವರಿಗೆ ಇಲ್ಲದ ಬೆಟ್ಟ ಕಲಿಸಲಾಗುವುದಿಲ್ಲ ಎಂದರು. ಸರಿಯೇ ತಾನೇ? ಮುಚ್ಚುತ್ತೇನೆ ಎಂದು ಮಾತು ಕೊಟ್ಟೆ.

ಕಿವಿ ಮುಚ್ಚಿಕೊಂಡು ಓಡಾಡು. ನಿಮ್ಮಪ್ಪ ಕುಂಚ ಹಿಡಿದ ಕೈಯಲ್ಲೇ ಆಶೀರ್ವಾದ ಮಾಡಿದ್ದಾರೆ, ಕಾಗದದ ಮೂಲೆಯ ಹಸಿರು ಕಲೆ ಅವರದೇ. ನೂರು ಕಾಲ ಬೆಚ್ಚಗೆ ಬಾಳು.

ನಿನ್ನ
ಅಮ್ಮ

ಮರೆತಿದ್ದೆ: ಮೂರು ಸಲ ಪ್ಲಾಸ್ಟರ್ ಕಲಸಿದೆ. ಮೂರು ಸಲವೂ ಬಟ್ಟಲಲ್ಲೇ ಗಟ್ಟಿಯಾಯಿತು, ನನ್ನ ಕೈ ಆ ಕುಳಿಯ ಹತ್ತಿರ ಹೋಗಲಿಲ್ಲ. ತಿಂಗಳ ಕೊನೆಗೆ ಭೂಪಟ ಕೊಡಬೇಕು. ನಿಮ್ಮ ಕಡೆ ಘಾಟಿಯ ಹಿಮ ಕರಗಿ ಬಸ್ಸು ಬಿಟ್ಟಿದ್ದಾರಂತೆ. ನೀನೇ ಬಾ. ಒತ್ತಿದವಳೇ ಮುಚ್ಚಲಿ.